ಗೊತ್ತಿದ್ದೂ ಸುಮ್ಮನಿರುವವರು

ಕೇಳುಗರಿಗೆ ನಮಸ್ಕಾರ.

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತೀವಿ. ಜಪಾನಿನ ನಿರ್ದೇಶಕ ಹಿರೊಕಾಜು ಕೊರೆ-ಎಡಾ ಅವರ 2008ರ ಚಿತ್ರ 'ಸ್ಟಿಲ್ ವಾಕಿಂಗ್'ನಲ್ಲಿ ಆ ಜಗಳ ಶುರುವೇ ಆಗುವುದಿಲ್ಲ. ಹಾಗಾಗಿ ಮುಗಿಯುವುದೂ ಇಲ್ಲ.

ಯೊಕೊಯಾಮಾ ಅವರ ಮನೆ. ಅಪ್ಪ ರಿಟೈರಾದ ಡಾಕ್ಟರ್. ಹಿರಿಮಗ ಜುನ್‌ಪೆ, ಮುಳುಗುತ್ತಿದ್ದ ಹುಡುಗನೊಬ್ಬನನ್ನು ಕಾಪಾಡಲು ಹೋಗಿ ತಾನೇ ತೀರಿಕೊಂಡವನು. ಅವನ ವರ್ಷದ ದಿನಕ್ಕೆ ಎಲ್ಲರೂ ಸೇರಿದ್ದಾರೆ. ಅಮ್ಮ ತೊಶಿಕೊ ಮುಸುಕಿನ ಜೋಳದ ಕಾಳು ಬಿಡಿಸಿ ತೆಂಪುರ ಕರಿಯುತ್ತಾಳೆ, ನಮ್ಮ ಪಕೋಡದಂಥದ್ದೇ. ಕಿರಿಮಗ ರಿಯೊತಾನಿಗೆ ಸದ್ಯ ಕೆಲಸವಿಲ್ಲ, ಅಪ್ಪನೆದುರು ಆ ವಿಷಯ ಎತ್ತುವುದಿಲ್ಲ.

ರಾತ್ರಿ ಊಟದ ಹೊತ್ತಿಗೆ ಅಮ್ಮ ಹಳೆಯ ರೆಕಾರ್ಡೊಂದನ್ನು ಹಾಕಿಸುತ್ತಾಳೆ. 1968ರ ಜನಪ್ರಿಯ ಹಾಡು, 'ಬ್ಲೂ ಲೈಟ್ ಯೊಕೊಹಾಮಾ'. ಮಕ್ಕಳಿಗೆ ಅದು ಬರೀ ಹಾಡು. ಅಪ್ಪ ಮಾತ್ರ ತುಟಿ ಬಿಚ್ಚದೆ ಉಣ್ಣುತ್ತಾನೆ. ಆಮೇಲೆ ಅವನು ಸ್ನಾನಕ್ಕೆ ಇಳಿದಾಗ ಅವಳು ಹೇಳುತ್ತಾಳೆ: ಹಿಂದೊಮ್ಮೆ ಕೂಸನ್ನು ಬೆನ್ನಿಗೆ ಕಟ್ಟಿಕೊಂಡು ಇನ್ನೊಬ್ಬಳ ಮನೆ ತನಕ ಹೋಗಿದ್ದೆ, ಒಳಗಿಂದ ನೀವು ಇದೇ ಹಾಡು ಹೇಳುತ್ತಿದ್ದುದು ಕೇಳಿಸಿತು. ಅವಳು ಬಾಗಿಲು ತಟ್ಟಲಿಲ್ಲ. ವಾಪಸು ಬಂದಳು, ಆಮೇಲೆ ಆ ರೆಕಾರ್ಡನ್ನೇ ಕೊಂಡುಕೊಂಡಳು!

ಕಿರಿನ್ ಕಿಕಿ ಈ ಪಾತ್ರವನ್ನು ಎಲ್ಲಿಯೂ ದನಿ ಏರಿಸದೆ ಮಾಡಿದ್ದಾರೆ. ಆದರೆ ತೊಶಿಕೊಳನ್ನು ಸಹನಾಮೂರ್ತಿ ಅಂದರೆ ನಾನು ಒಪ್ಪಲಾರೆ. ಮಗ ಪ್ರಾಣ ಕೊಟ್ಟು ಉಳಿಸಿದ ಯೊಶಿಯೊನನ್ನು ವರ್ಷವರ್ಷವೂ ಕರೆಸುವವಳು ಇವಳೇ. ಪಾಪ, ಇನ್ನು ಅವನನ್ನು ಬಿಟ್ಟುಬಿಡಮ್ಮ ಎಂದು ರಿಯೊತಾ ಕೇಳಿದರೆ, ಕ್ರೋಶ ಹೆಣೆಯುವ ಕೈ ನಿಲ್ಲಿಸದೆ, ವರ್ಷಕ್ಕೊಂದು ದಿನ ಅವನೂ ಸಂಕಟ ಪಡಲಿ ಅನ್ನುತ್ತಾಳೆ. ಬಂದವನಿಗೆ ಉಪಚಾರದಲ್ಲಿ ಮಾತ್ರ ಒಂದಿಷ್ಟೂ ಕೊರತೆಯಿಲ್ಲ.

ಗುಟ್ಟು ಮಾತಿಗೆ ಮನೆಯಲ್ಲಿ ಜಾಗವಾದರೂ ಎಲ್ಲಿ? ಯೊಶಿಮಿತ್ಸು ಮೊರಿಟಾ ಅವರ 1983ರ 'ಫ್ಯಾಮಿಲಿ ಗೇಮ್'ನಲ್ಲಿ ಮನೆಮಂದಿ ಉದ್ದದ ಮೇಜಿನ ಒಂದೇ ಮಗ್ಗುಲಿಗೆ ಸಾಲಾಗಿ ಕೂತು ಉಣ್ಣುತ್ತಾರೆ. ಗಂಡ ಹೆಂಡತಿ ಗುಟ್ಟಿನ ಮಾತಾಡಬೇಕೆಂದರೆ ಕೆಳಗಿಳಿದು ಕಾರಿನಲ್ಲಿ ಕೂರಬೇಕು.

ಕಿಯೊಶಿ ಕುರೊಸಾವಾ ಅವರ 'ಟೋಕಿಯೊ ಸೊನಾಟಾ'ದಲ್ಲಿ ಕೆಲಸ ಹೋದ ಗಂಡ ದಿನವೂ ಸೂಟು ತೊಟ್ಟು ಹೊರಡುತ್ತಾನೆ. ಪುಕ್ಕಟೆ ಊಟದ ಸಾಲಿನಲ್ಲಿ ನಿಂತ ಅವನನ್ನು ಕಂಡರೂ ಹೆಂಡತಿ ಮೆಗುಮಿ ತುಟಿಪಿಟಕ್ಕೆನ್ನುವುದಿಲ್ಲ. ಇತ್ತ ಕಿರಿಮಗ ಮಧ್ಯಾಹ್ನದ ಊಟದ ದುಡ್ಡಲ್ಲಿ ಕದ್ದು ಪಿಯಾನೊ ಕಲಿಯುತ್ತಿದ್ದಾನೆ. ಅದು ಬಯಲಾದ ದಿನ ಅಪ್ಪ, ನನ್ನಿಂದ ಮುಚ್ಚಿಟ್ಟೆಯಾ ಎಂದು ಅವನ ಮೇಲೆ ಕೈ ಮಾಡುತ್ತಾನೆ. ಆಗ ಮೆಗುಮಿ ಬಾಯಿ ಬಿಡುತ್ತಾಳೆ: ನಿಮ್ಮದು ನನಗೆ ಯಾವತ್ತೋ ಗೊತ್ತಿತ್ತು.