ದೊಡ್ಡಮ್ಮ ವಾರಸುದಾರರಲ್ಲ, ಬಾಡಿಗೆದಾರರು

ನಮಸ್ಕಾರ. ಕಳೆದ ವಿಡಿಯೋ ಕೆಳಗೆ ಒಬ್ಬರು ಬರೆದಿದ್ದಾರೆ: "ಬಾಡಿಗೆ ಮನೆ ಏನು ಪಿತ್ರಾರ್ಜಿತ ಆಸ್ತಿನಾ? ಗಂಡ ಹೋದ ಮೇಲೆ ಹೆಂಡತಿ, ಮಕ್ಕಳು ಸುಮ್ನೆ ಖಾಲಿ ಮಾಡಬೇಕು." ಅದಕ್ಕೆ ಲೈಕ್ ಮೇಲೆ ಲೈಕ್. ಓದಿ ನನಗೆ ನಿದ್ದೆ ಬರಲಿಲ್ಲ.

ನನ್ನ ದೊಡ್ಡಮ್ಮ ಮೈಸೂರಿನ ಅಗ್ರಹಾರದ ಒಂದು ವಠಾರದಲ್ಲಿ 31 ವರ್ಷದಿಂದ ಇದ್ದಾರೆ. ಬಾಡಿಗೆ 1800 ರೂಪಾಯಿ. ಪ್ರತಿ ತಿಂಗಳು 5ನೇ ತಾರೀಕು ಬೇಳೆ ಡಬ್ಬದೊಳಗಿಂದ ನೋಟು ತೆಗೆದು, ಸೆರಗಿಗೆ ಕೈ ಒರೆಸಿಕೊಂಡು, ಮಹಡಿ ಹತ್ತಿ ಮಾಲೀಕರಿಗೆ ಕೊಡುತ್ತಿದ್ದದ್ದು ಅವರೇ. ಒಂದು ಬಾಡಿಗೆ ಪುಸ್ತಕ ಇದೆ, ನೀಲಿ ರಟ್ಟಿನದು. ತಿಂಗಳು, ಮೊತ್ತ, ತಾರೀಕು, ಎಲ್ಲ ದೊಡ್ಡಮ್ಮನ ಕೈಬರಹ. ಪಕ್ಕದಲ್ಲಿ ಮಾಲೀಕರ ಸಹಿ. ದೊಡ್ಡಪ್ಪನ ಹೆಸರು ಇರೋದು ಮೊದಲ ಪುಟದಲ್ಲಿ ಮಾತ್ರ.

ದೊಡ್ಡಪ್ಪ ತೀರಿಕೊಂಡರು. ವೈಕುಂಠ ಸಮಾರಾಧನೆ ಮುಗಿದ ವಾರಕ್ಕೆ ದೊಡ್ಡಮ್ಮ ಬಾಡಿಗೆ ಕೊಡೋಕೆ ಹೋದರು. ಮಾಲೀಕರು ದುಡ್ಡು ಎಣಿಸಿಕೊಂಡರು. ಸಹಿ ಹಾಕಲಿಲ್ಲ. "ಪುಸ್ತಕ ಅವರ ಹೆಸರಲ್ಲಿದೆ ಅಲ್ವಾ" ಅಂದರು. ಆ ಸಾಲಿನ ಪಕ್ಕ ಈಗಲೂ ಖಾಲಿ.

ಹೇಳಿ, 31 ವರ್ಷ ಬಾಡಿಗೆ ಕೊಟ್ಟವರು ಯಾರು? ಅವರು ವಾರಸುದಾರರಲ್ಲ, ಬಾಡಿಗೆದಾರರು!

ಕಾನೂನು ಏನು ಹೇಳುತ್ತೆ ನೋಡಿ. 1961ರ ಹಳೆ ಬಾಡಿಗೆ ನಿಯಂತ್ರಣ ಕಾಯ್ದೆ ಹೋಗಿ, ಕರ್ನಾಟಕ ಬಾಡಿಗೆ ಕಾಯ್ದೆ, 1999 ಬಂತು. ಜಾರಿಯಾಗಿದ್ದು 2001ರ ಡಿಸೆಂಬರ್ 31ಕ್ಕೆ. ಅದರ 5ನೇ ಸೆಕ್ಷನ್ ಪ್ರಕಾರ ಬಾಡಿಗೆದಾರ ಸತ್ತರೆ ಹಕ್ಕು 5 ವರ್ಷ ಮುಂದುವರಿಯುತ್ತೆ. ಮೊದಲು ಹೆಂಡತಿ ಅಥವಾ ಗಂಡ, ಆಮೇಲೆ ಮಗ, ಮಗಳು, ಆಮೇಲೆ ಅಪ್ಪ ಅಮ್ಮ, ಕೊನೆಗೆ ವಿಧವೆ ಸೊಸೆ. ಸತ್ತವರ ಜೊತೆ ಅದೇ ಮನೆಯಲ್ಲಿ ಇದ್ದಿರಬೇಕು, ಅವರ ಆಸರೆಯಲ್ಲೇ ಬದುಕುತ್ತಿರಬೇಕು. ಅಂದರೆ ಕಾಮೆಂಟ್ ಹಾಕಿದ ಸ್ವಾಮಿಗಳೇ, ಸುಮ್ನೆ ಖಾಲಿ ಮಾಡಬೇಕಿಲ್ಲ. ಮೊದಲು ಕಾಯ್ದೆ ಓದಿ.

ಆದರೆ ನನ್ನ ಸಿಟ್ಟು ಆ ಕಾಯ್ದೆ ಮೇಲೂ ಇದೆ. ಆಸರೆಯಲ್ಲಿ ಇರಲಿಲ್ಲ ಅಂತಾದರೆ 5 ವರ್ಷ ಹೋಗಿ 1 ವರ್ಷ ಆಗುತ್ತೆ. ದೊಡ್ಡಮ್ಮ ಹಪ್ಪಳ, ಸಂಡಿಗೆ ಮಾಡಿ ಮಾರುತ್ತಾರೆ. ಎಷ್ಟೋ ತಿಂಗಳ ಬಾಡಿಗೆ ಹೋಗಿರೋದು ಆ ದುಡ್ಡಿನಲ್ಲೇ. ನಾಳೆ ಎದುರು ಪಕ್ಷದ ವಕೀಲರು "ಈಕೆಗೆ ಸ್ವಂತ ಸಂಪಾದನೆ ಇತ್ತು" ಅಂದರೆ? ದುಡಿದು ಬಾಡಿಗೆ ಕಟ್ಟಿದ್ದೇ ತಪ್ಪಾಯಿತಾ?

ಇನ್ನೊಂದು ಕೇಳಿ. ವಾರಸುದಾರರ ಆಸರೆಯಲ್ಲಿರೋ ಮಗನೋ ಮಗಳೋ ಅದೇ ಸ್ಥಳೀಯ ಪ್ರದೇಶದಲ್ಲಿ ಮನೆ ಹೊಂದಿದ್ದರೆ, ಅಥವಾ ಅಲ್ಲಿ ಬೇರೆ ಮನೆಯಲ್ಲಿ ವಾಸ ಇದ್ದರೂ, ಆಗಲೂ 1 ವರ್ಷ ಮಾತ್ರ. ದೊಡ್ಡಮ್ಮನ ಮಗ, ನಮ್ಮಣ್ಣ, ಮೈಸೂರಿನ ಬೋಗಾದಿಯಲ್ಲಿ ಸಾಲ ಮಾಡಿ ಫ್ಲಾಟ್ ತಗೊಂಡಿದ್ದಾನೆ. ಎರಡು ರೂಮು. ಅವನು, ಅತ್ತಿಗೆ, ಎರಡು ಮಕ್ಕಳು, ಹಾಸಿಗೆ ಹಿಡಿದ ಅತ್ತಿಗೆಯ ಅಮ್ಮ. ಫ್ಲಾಟ್ ಮಗನದು, ಕಂತು ಮಗನದು. ಅವನು ಅಮ್ಮನ ಆಸರೆಯಲ್ಲಿಲ್ಲ, ಹಾಗಾಗಿ ಆ ಫ್ಲಾಟ್ ಲೆಕ್ಕಕ್ಕೆ ಬರಬಾರದು. ಆದರೆ ಆಸರೆಯಲ್ಲಿರೋ ಮಗನ ಹೆಸರಲ್ಲಿ ಮನೆ ಇದ್ದರೆ ಹಕ್ಕು ಕಳೆದುಕೊಳ್ಳೋದು ಅಮ್ಮ! ಅವರನ್ನು ಬರೀ ವಾರಸುದಾರರು ಅಂತ ಎಣಿಸಿದ್ದಕ್ಕೆ ಹೀಗಾಗಿದೆ. ಅವರು ಬಾಡಿಗೆದಾರರು. ಗಂಡ ಇದ್ದಾಗಲೂ ಬಾಡಿಗೆದಾರರೇ ಆಗಿದ್ದರು. ಗಂಡ ಸತ್ತ ದಿನದಿಂದ ಅವರ ವರ್ಷ ಎಣಿಸೋಕೆ ಶುರು ಮಾಡಿದ್ದೇ ತಪ್ಪು.

"ಮಾಲೀಕರ ಕಷ್ಟ ನಿಮಗೆ ಗೊತ್ತಿಲ್ಲ" ಅಂತೀರಿ. ಕಷ್ಟ ಇದ್ದರೆ ಬಾಡಿಗೆ ಜಾಸ್ತಿ ಕೇಳಲಿ. ಅವರಿಗೇ ಮನೆ ಬೇಕಿದ್ದರೆ ಕೋರ್ಟಿಗೆ ಹೋಗಲಿ, ಕಾಯ್ದೆಯಲ್ಲಿ ಅದಕ್ಕೆ ದಾರಿ ಇದೆ. ಸಾವಿನ ಮನೆ ಬಾಗಿಲಲ್ಲಿ ನಿಂತು ಸಹಿ ಹಾಕದೆ ಇರೋದು ಯಾವ ಕಷ್ಟ?

"ಮೊಮ್ಮಕ್ಕಳ ಕಾಲಕ್ಕೂ ಬಿಡಲ್ಲ ಇವರು" ಅಂತ ಇನ್ನೊಬ್ಬರು. ಮೊಮ್ಮಕ್ಕಳು ಆ ಪಟ್ಟಿಯಲ್ಲೇ ಇಲ್ಲ ಸ್ವಾಮಿ. ಮೊಮ್ಮಕ್ಕಳ ಮಾತು ಬೇರೆ. ನಾನು ಹೇಳುತ್ತಿರೋದು ಹೆಂಡತಿ ಬಗ್ಗೆ.

ಒಂದು ಎಚ್ಚರಿಕೆ. ದೊಡ್ಡ ಊರುಗಳಲ್ಲಿ ಬಾಡಿಗೆ ತಿಂಗಳಿಗೆ 3500 ರೂಪಾಯಿ ದಾಟಿದರೆ, ಉಳಿದ ಕಡೆ 2000 ದಾಟಿದರೆ, ಈ ಕಾಯ್ದೆಯೇ ಅನ್ವಯಿಸಲ್ಲ. ಆಗ 1882ರ ಆಸ್ತಿ ವರ್ಗಾವಣೆ ಕಾಯ್ದೆ. ಕರಾರಿನಲ್ಲಿ ಬೇರೆ ಏನೂ ಇಲ್ಲದಿದ್ದರೆ, ತಿಂಗಳ ಬಾಡಿಗೆಗೆ 15 ದಿನದ ನೋಟಿಸು ಸಾಕು. ಅದಕ್ಕೇ ಕರಾರು ಪತ್ರ ಬರೆಸುವಾಗ ಗಂಡ ಹೆಂಡತಿ ಇಬ್ಬರ ಹೆಸರೂ ಹಾಕಿಸಿ, ಇಬ್ಬರೂ ಸಹಿ ಮಾಡಿ. ಮಾಲೀಕರು ಬೇಡ ಅಂದರೆ ಏಕೆ ಅಂತ ಕೇಳಿ. ಬಾಡಿಗೆಯನ್ನು ಬ್ಯಾಂಕಿಗೆ ಹಾಕಿ, ಯಾವ ತಿಂಗಳದ್ದು ಅಂತ ಬರೆಯಿರಿ.

ಚಾನೆಲ್‌ಗೆ ಇನ್ನೂ ಸಬ್‌ಸ್ಕ್ರೈಬ್ ಆಗಿಲ್ಲದಿದ್ದರೆ ಆಗಿ, ವಠಾರದ ಮನೆಗಳ ಬಗ್ಗೆ ಇನ್ನೂ ಎರಡು ವಿಡಿಯೋ ಬರುತ್ತೆ. ಆ ಕಾಮೆಂಟ್ ಹಾಕಿದವರೂ ನೋಡಿ. ನೋಡಿ, ಮತ್ತೆ ಬರೆಯಿರಿ, ನಾನು ಮತ್ತೆ ಹೇಳ್ತೀನಿ: ಅವರು ವಾರಸುದಾರರಲ್ಲ, ಬಾಡಿಗೆದಾರರು, ಬಾಡಿಗೆದಾರರು!

ಈಗ ಎದ್ದು ಬೀರುವಿನಿಂದ ನಿಮ್ಮ ಮನೆಯ ಕರಾರು ಪತ್ರ ತೆಗೆಯಿರಿ. ಅದರಲ್ಲಿ ಅಮ್ಮನ ಹೆಸರು ಇದೆಯಾ ನೋಡಿ. ಇದೆ ಅಥವಾ ಇಲ್ಲ, ಅಷ್ಟೇ ಕೆಳಗೆ ಬರೆಯಿರಿ. ನಾನು 5ನೇ ತಾರೀಕು ದೊಡ್ಡಮ್ಮನ ಜೊತೆ ಆ ನೀಲಿ ಪುಸ್ತಕ ಹಿಡಿದು ಮಹಡಿ ಹತ್ತುತ್ತೇನೆ.