ಲೆನ್ಸ್ ಕೈಕೊಟ್ಟ ಪಿಎಸ್2ನಲ್ಲಿ ಪೆನ್‌ಡ್ರೈವ್‌ನಿಂದ ಆಟ

ನಮಸ್ಕಾರ. ಮೊದಲು ಈ ಸದ್ದು ಕೇಳಿ. ಡಿಸ್ಕ್ ತಿರುಗ್ತಿದೆ, ಲೆನ್ಸ್ ಟಿಕ್ ಟಿಕ್ ಅಂತ ಹುಡುಕ್ತಿದೆ, ಸ್ವಲ್ಪ ಹೊತ್ತಾದ್ಮೇಲೆ ಟಿವಿ ಮೇಲೆ ‘ಡಿಸ್ಕ್ ರೀಡ್ ಎರರ್’. ಸೋನಿಯ ಗೇಮ್ ಕನ್ಸೋಲ್ ಪ್ಲೇಸ್ಟೇಷನ್ 2, ಅಂದ್ರೆ ಪಿಎಸ್2, ಜಪಾನ್‌ನಲ್ಲಿ ಬಿಡುಗಡೆ ಆಗಿದ್ದು 2000ದ ಮಾರ್ಚ್ 4ಕ್ಕೆ, ತಯಾರಿಕೆ ನಿಂತಿದ್ದು 2013ರ ಹೊತ್ತಿಗೆ. ಅಂದ್ರೆ ಎಷ್ಟೇ ಹೊಸ ಪೀಸ್ ಆದ್ರೂ ಹತ್ತು ವರ್ಷ ದಾಟಿದೆ. ಸಾಮಾನ್ಯವಾಗಿ ಮೊದಲು ಸೋಲೋದು ಲೇಸರ್. ಬೋರ್ಡು ಗಟ್ಟಿಮುಟ್ಟಾಗೇ ಇರುತ್ತೆ. ಹಾಗಾಗಿ ಇವತ್ತು ಡಿಸ್ಕ್ ಡ್ರೈವನ್ನ ಪಕ್ಕಕ್ಕಿಟ್ಟು, ಪೆನ್‌ಡ್ರೈವ್‌ನಿಂದ ಆಟ ಓಡಿಸೋದು ಹೇಗೆ ಅಂತ ನೋಡೋಣ. ಸ್ಕ್ರೂ ಬಿಚ್ಚೋದಿಲ್ಲ, ಸೋಲ್ಡರಿಂಗ್ ಇಲ್ಲ.

ಬೇಕಾಗಿರೋದು ಇಷ್ಟು: 8 ಎಂಬಿ ಮೆಮೊರಿ ಕಾರ್ಡ್ ಒಂದು, ಪೆನ್‌ಡ್ರೈವ್ ಒಂದು, ಒಂದು ಕಂಪ್ಯೂಟರ್. ತಂತ್ರಾಂಶ ಎರಡು. ಒಂದು ಫ್ರೀ ಮ್ಯಾಕ್‌ಬೂಟ್, ಇನ್ನೊಂದು ಪೆನ್‌ಡ್ರೈವ್‌ನಿಂದ ಆಟ ಓಡಿಸೋ ಓಪನ್ ಪಿಎಸ್2 ಲೋಡರ್, ಎಲ್ಲರೂ ಒಪಿಎಲ್ ಅಂತಾರೆ. ಎರಡೂ ಉಚಿತ.

ಫ್ರೀ ಮ್ಯಾಕ್‌ಬೂಟ್ ಕೆಲಸ ಮಾಡೋ ರೀತಿ ತಿಳ್ಕೊಂಡ್ರೆ ಮುಂದೆ ಅರ್ಧ ಗೊಂದಲ ತಪ್ಪುತ್ತೆ. ಪಿಎಸ್2 ಆನ್ ಆದ ಕೂಡ್ಲೇ ಮೆಮೊರಿ ಕಾರ್ಡ್‌ನಲ್ಲಿ ಸಿಸ್ಟಂ ಅಪ್‌ಡೇಟ್ ಏನಾದ್ರೂ ಇದೆಯಾ ಅಂತ ನೋಡುತ್ತೆ. ಸೋನಿ ತನ್ನ ಅಪ್‌ಡೇಟ್‌ಗಳಿಗೋಸ್ಕರ ಇಟ್ಟ ಬಾಗಿಲು ಅದು. ಫ್ರೀ ಮ್ಯಾಕ್‌ಬೂಟ್ ಅದೇ ಜಾಗದಲ್ಲಿ, ಅದೇ ಹೆಸರಿನ ಫೋಲ್ಡರ್‌ನಲ್ಲಿ ಹೋಗಿ ಕೂರುತ್ತೆ. ಕನ್ಸೋಲ್ ಒಳಗೆ ಒಂದಕ್ಷರವೂ ಬದಲಾಗಲ್ಲ. ಕಾರ್ಡ್ ಕಿತ್ತರೆ ಪಿಎಸ್2 ಅಂಗಡಿಯಿಂದ ತಂದ ದಿನ ಹೇಗಿತ್ತೋ ಹಾಗೇ. ಈ ವಿಧಾನಾನೇ ಆರಿಸ್ಕೊಳ್ಳಿ ಅನ್ನೋದಕ್ಕೆ ದೊಡ್ಡ ಕಾರಣ ಇದೇ: ಎಡವಿದ್ರೂ ಕನ್ಸೋಲ್ ಹಾಳಾಗಲ್ಲ.

ಈಗ ಕನ್ಸೋಲ್ ತಿರುಗಿಸಿ, ಹಿಂದಿನ ಸ್ಟಿಕ್ಕರ್ ಓದಿ. ಎಸ್‌ಸಿಪಿಎಚ್ ಅಂತ ಶುರುವಾಗೋ ಮಾಡೆಲ್ ನಂಬರ್ ಇರುತ್ತೆ. 30000, 50000 ಸಾಲಿನವು ದಪ್ಪ ಮಾಡೆಲ್, 70000ದಿಂದ ಮುಂದೆ ಸ್ಲಿಮ್. 90000 ಸಾಲಿಗಿಂತ ಹಿಂದಿನ ಸ್ಲಿಮ್ ಆಗಿದ್ರೆ ಚಿಂತೆ ಇಲ್ಲ. 90000 ಸಾಲಿನದಾದ್ರೆ ಡೇಟ್ ಕೋಡ್ ಹುಡುಕಿ: ಒಂದು ಅಂಕಿ, ಒಂದು ಅಕ್ಷರ. 8ಸಿ ಅಂದ್ರೆ 2008ರ ಮೂರನೇ ತ್ರೈಮಾಸಿಕ. 8ಸಿ ಮತ್ತು ಅದಕ್ಕಿಂತ ಈಚಿನವುಗಳಲ್ಲಿ ಆರ್‌ಒಎಂ (ಕನ್ಸೋಲ್ ಒಳಗೇ ಬರೆದಿಟ್ಟ ತಂತ್ರಾಂಶ) 2.30 ಇರೋ ಸಾಧ್ಯತೆ ಇದೆ. ಅದ್ರಲ್ಲಿ ಸೋನಿ ಆ ಅಪ್‌ಡೇಟ್ ಬಾಗಿಲನ್ನೇ ತೆಗೆದು ಹಾಕಿದೆ. ಅಂಥ ಕನ್ಸೋಲ್‌ಗೆ ಫ್ರೀ ಮ್ಯಾಕ್‌ಬೂಟ್ ಕಾರ್ಡ್ ಎಷ್ಟು ಸಲ ಹಾಕಿ ತೆಗೆದ್ರೂ ಏನೂ ಆಗಲ್ಲ, ಕಾರ್ಡ್ ಕೆಟ್ಟಿದೆ ಅಂತ ಅಂದ್ಕೋಬೇಡಿ. ಅದಕ್ಕೆ ಓಪನ್‌ಟ್ಯೂನಾ ಅನ್ನೋ ಬೇರೆ ಕಾರ್ಡ್ ವಿಧಾನ ಇದೆ. ಅದು ತಾನಾಗೇ ಬೂಟ್ ಆಗಲ್ಲ, ಪಿಎಸ್2ನ ಮೆನುವಿನಲ್ಲಿರೋ ಬ್ರೌಸರ್‌ಗೆ ಹೋಗಿ ಮೆಮೊರಿ ಕಾರ್ಡ್ ತೆರೆದಾಗ ಓಡುತ್ತೆ. ಅಷ್ಟೇ ವ್ಯತ್ಯಾಸ.

ಕಾರ್ಡ್ ವಿಷಯದಲ್ಲಿ ಜಿಪುಣತನ ಬೇಡ. ಬೇಕಾಗಿರೋದು ಮ್ಯಾಜಿಕ್‌ಗೇಟ್ ಇರೋ ಕಾರ್ಡ್. ಸೋನಿಯ ಅಸಲಿ 8 ಎಂಬಿ ಕಾರ್ಡ್‌ನಲ್ಲಿ ಅದು ಇದ್ದೇ ಇರುತ್ತೆ. ಯಾಕೆ ಬೇಕು ಅಂದ್ರೆ, ಅಪ್‌ಡೇಟ್ ಫೈಲನ್ನ ಪ್ರತಿ ಕಾರ್ಡ್‌ಗೂ ಬೇರೆ ಬೇರೆಯಾಗಿ ಗೂಢಲಿಪೀಲಿ ಕಟ್ಟಿ ಹಾಕ್ಬೇಕು, ಆ ಕೆಲಸ ಮಾಡೋದು ಮ್ಯಾಜಿಕ್‌ಗೇಟ್. ಒಂದು ಕಾರ್ಡ್‌ನಿಂದ ಇನ್ನೊಂದಕ್ಕೆ ಫೈಲ್ ಕಾಪಿ ಮಾಡಿದ್ರೆ ಓಡದಿರೋದೂ ಇದಕ್ಕೇ. ಪ್ರತಿ ಸಲ ಇನ್‌ಸ್ಟಾಲರ್ ಮೂಲಕವೇ ಹಾಕ್ಬೇಕು. 64, 128 ಎಂಬಿ ಅಂತ ಬರೆದಿರೋ ಅಗ್ಗದ ಕಾರ್ಡ್‌ಗಳಲ್ಲಿ ಎಷ್ಟೋ ಕಾರ್ಡ್‌ಗಳು ಕೆಲವು ದಿನ ಓಡಿ, ಸೇವ್‌ಗಳನ್ನೆಲ್ಲ ನುಂಗಿ ಕೂರ್ತಾವೆ.

ಇಲ್ಲೊಂದು ಸಿಕ್ಕು. ಇನ್‌ಸ್ಟಾಲರ್ ಓಡಿಸೋಕೆ ಕನ್ಸೋಲ್ ಮೊದಲೇ ಹೊರಗಿನ ಪ್ರೋಗ್ರಾಂ ಒಪ್ಪೋ ಹಾಗಿರ್ಬೇಕು, ಹಾಗೆ ಮಾಡೋಕೆ ಇನ್‌ಸ್ಟಾಲರ್ ಬೇಕು. ದಾರಿ ಮೂರು. ಪರಿಚಯದವರ ಹತ್ರ ಫ್ರೀ ಮ್ಯಾಕ್‌ಬೂಟ್ ಕಾರ್ಡ್ ಇದ್ರೆ ಅದನ್ನ ಮೊದಲ ಸ್ಲಾಟ್‌ಗೆ, ನಿಮ್ಮದನ್ನ ಎರಡನೇದಕ್ಕೆ ಹಾಕಿ ಬೂಟ್ ಮಾಡಿ. ಇಲ್ಲಾಂದ್ರೆ ಮೊದಲೇ ಹಾಕಿರೋ ಕಾರ್ಡ್ ಆನ್‌ಲೈನ್‌ನಲ್ಲಿ ಕೊಳ್ಳಿ. ಮೂರನೇದು ಸ್ಲಿಮ್ ಇರೋರಿಗೆ: ಫ್ರೀಡಿವಿಡಿಬೂಟ್. 2020ರ ಜೂನ್‌ನಲ್ಲಿ ಸಿಟರ್ಟ್ ಅನ್ನೋ ಹೆಸರಿನ ಸಂಶೋಧಕರು ಹೊರತಂದ ವಿಧಾನ ಇದು. ಪಿಎಸ್2ನಲ್ಲಿರೋ ಡಿವಿಡಿ ಪ್ಲೇಯರ್, ಸಿನಿಮಾ ಡಿಸ್ಕ್‌ನ ಐಎಫ್‌ಒ ಫೈಲ್ ಓದುವಾಗ ಅದರ ಅಳತೆ ಸರಿಯಾಗಿ ಪರೀಕ್ಷೆ ಮಾಡಲ್ಲ. ಆ ಸಂದಿಯಿಂದ ನಮ್ಮ ಪ್ರೋಗ್ರಾಂ ಒಳಗೆ ಹೋಗುತ್ತೆ. ಅದರ ಐಎಸ್‌ಒ ಫೈಲನ್ನ (ಇಡೀ ಡಿಸ್ಕ್‌ನ ಪ್ರತಿ ಇರೋ ಫೈಲ್) ಖಾಲಿ ಡಿವಿಡಿ-ಆರ್‌ಗೆ ಕಡಿಮೆ ವೇಗದಲ್ಲಿ ಬರ್ನ್ ಮಾಡಿ, ಫೈನಲೈಸ್ ಮಾಡಿ, ಕನ್ಸೋಲ್ ಭಾಷೆ ಇಂಗ್ಲಿಷ್‌ಗೆ ಇಟ್ಟು ಹಾಕಿ. ಆದ್ರೆ ನೆನಪಿರ್ಲಿ, ಇದಕ್ಕೆ ಲೆನ್ಸ್ ಕೊನೇಪಕ್ಷ ಒಂದು ಸಲ ಡಿವಿಡಿ-ಆರ್ ಓದ್ಬೇಕು. ಪೂರ್ತಿ ಸತ್ತಿದ್ರೆ ಮೊದಲೆರಡು ದಾರೀನೇ ಗತಿ.

ಪರದೆ ಮೇಲೆ ಈಗ ಕಾಣ್ತಿರೋದು ಯುಲಾಂಚ್‌ಎಲ್ಫ್, ಅಂದ್ರೆ ಫೈಲ್ ಬ್ರೌಸರ್. ‘ಮಾಸ್’ ಅಂದ್ರೆ ಪೆನ್‌ಡ್ರೈವ್. ‘ಎಂಸಿ0’ ಮೊದಲ ಸ್ಲಾಟ್‌ನ ಕಾರ್ಡ್, ‘ಎಂಸಿ1’ ಎರಡನೇದು. ಈ ಹಂತದಲ್ಲಿ ಪೆನ್‌ಡ್ರೈವ್ ಫ್ಯಾಟ್32 ಫಾರ್ಮ್ಯಾಟ್‌ನಲ್ಲಿರ್ಲಿ. ಫ್ರೀ ಮ್ಯಾಕ್‌ಬೂಟ್ ಇನ್‌ಸ್ಟಾಲರ್ ಫೋಲ್ಡರನ್ನ ಒಳಗಿನ ಜೋಡಣೆ ಕೆಡಿಸದೆ ಇಡೀಯಾಗಿ ಕಾಪಿ ಮಾಡಿರ್ಬೇಕು. ಇಎಲ್ಎಫ್, ಅಂದ್ರೆ ಪ್ರೋಗ್ರಾಂ ಫೈಲ್ ಒಂದನ್ನೇ ತಂದ್ರೆ ಫೈಲ್ ಸಿಗ್ಲಿಲ್ಲ ಅಂತ ನಿಲ್ಲುತ್ತೆ. ಇನ್‌ಸ್ಟಾಲ್ ಆಯ್ಕೆಗಳಲ್ಲಿ ನಾರ್ಮಲ್ ಇನ್‌ಸ್ಟಾಲ್ ತಗೊಳ್ಳಿ. ಮಲ್ಟಿ ಇನ್‌ಸ್ಟಾಲ್ ಕಡೆ ಹೋಗ್ಬೇಡಿ. ಅದು ಜಾಗ ಉಳಿಸೋಕೆ ಒಂದೇ ಫೈಲ್‌ಗೆ ಹಲವು ಹೆಸರು ಕೊಡುತ್ತೆ. ಮುಂದೆ ಅದ್ರಲ್ಲೊಂದನ್ನ ಅಳಿಸಿದ್ರೆ ಕಾರ್ಡ್‌ನ ಫೈಲ್ ವ್ಯವಸ್ಥೆಯೇ ಕದಡಿ ಹೋಗಬಹುದು. ಇನ್‌ಸ್ಟಾಲ್ ಮುಗಿಯೋವರೆಗೂ ಕಾರ್ಡ್ ಮುಟ್ಟಬೇಡಿ. ಕರೆಂಟ್ ಕೈಕೊಡೋ ಊರಾದ್ರೆ ಯುಪಿಎಸ್‌ಗೆ ಹಾಕ್ಕೊಂಡು ಮಾಡಿ.

ಆಮೇಲೆ ಒಪಿಎಲ್‌ನ ಇಎಲ್ಎಫ್ ಫೈಲನ್ನ ಪೆನ್‌ಡ್ರೈವ್‌ನಿಂದ ಕಾರ್ಡ್‌ನ ಆ್ಯಪ್ಸ್ ಫೋಲ್ಡರ್‌ಗೆ ಕಾಪಿ ಮಾಡಿ. ಫ್ರೀ ಮ್ಯಾಕ್‌ಬೂಟ್‌ನ ಕನ್ಫಿಗರೇಟರ್ ತೆರೆದು, ಮೆನುವಿನ ಒಂದು ಸಾಲಿಗೆ ಆ ಫೈಲ್‌ನ ಜಾಗ ತೋರಿಸಿ, ಸೇವ್ ಮಾಡಿ. ಇಲ್ಲಿಗೆ ಕಾರ್ಡ್ ಕೆಲಸ ಮುಗೀತು.

ಇನ್ನು ಪೆನ್‌ಡ್ರೈವ್. ಜನ ಹೆಚ್ಚು ಒದ್ದಾಡೋದು ಇಲ್ಲೇ, ಆದ್ರೆ ಬೈಯೋದು ಮಾತ್ರ ಒಪಿಎಲ್‌ನ. ಪಿಎಸ್2ನ ಯುಎಸ್‌ಬಿ ಪೋರ್ಟ್ 1.1 ಕಾಲದ್ದು. ಸೆಕೆಂಡಿಗೆ 12 ಮೆಗಾಬಿಟ್ ಅದರ ಮಿತಿ. ಕೈಗೆ ಸಿಗೋದು ಸುಮಾರು ಒಂದು ಮೆಗಾಬೈಟ್. ಅದೇ ಕನ್ಸೋಲ್‌ನ ಡಿವಿಡಿ ಡ್ರೈವ್ ಸೆಕೆಂಡಿಗೆ ಐದು ಮೆಗಾಬೈಟ್‌ಗೂ ಹೆಚ್ಚು ಓದಬಲ್ಲದು. ಆಟ ಬರೆದವರು ಆ ಐದನ್ನ ನಂಬ್ಕೊಂಡು ಬರೆದಿದಾರೆ. ಅದಕ್ಕೇ ಆಟದ ನಡುವಿನ ವಿಡಿಯೊ ದೃಶ್ಯಗಳು ತಡವರಿಸೋದು, ಮಾತು ತುಂಡು ತುಂಡಾಗೋದು. ಯುಎಸ್‌ಬಿ 3 ಪೆನ್‌ಡ್ರೈವ್‌ಗೆ ದುಡ್ಡು ಹಾಕಿದ್ರೂ ಉಪಯೋಗ ಇಲ್ಲ, ಪೈಪು ಸಣ್ಣದಾದ್ಮೇಲೆ ಟ್ಯಾಂಕ್ ಎಷ್ಟು ದೊಡ್ಡದಾದ್ರೇನು?

ಇನ್ನೊಂದು ವಿಷಯ: ಫೈಲ್ ಪೆನ್‌ಡ್ರೈವ್‌ನಲ್ಲಿ ತುಂಡು ತುಂಡಾಗಿ ಹರಡಿದ್ರೆ ಒಪಿಎಲ್‌ಗೆ ಓದೋಕೆ ಆಗದಿರಬಹುದು. ಆಟದ ಫೈಲ್ ಒಂದೇ ಸಾಲಿನಲ್ಲಿ, ಬಿಡದೆ ಇರ್ಬೇಕು. ಹಳೇ ಆಟ ಅಳಿಸಿ, ಆ ಜಾಗಕ್ಕೆ ಹೊಸದು ಹಾಕಿದಾಗ ಅದು ಸಂದುಗೊಂದಿಗಳಲ್ಲಿ ಹಂಚಿ ಕೂರುತ್ತೆ. ಆಗಲೇ ಆಟ ಪಟ್ಟೀಲಿ ಕಾಣುತ್ತೆ, ಒತ್ತಿದ್ರೆ ತೆರೆಯಲ್ಲ. ಸುಲಭ ಉಪಾಯ: ಪೆನ್‌ಡ್ರೈವ್ ಪೂರ್ತಿ ಫಾರ್ಮ್ಯಾಟ್ ಮಾಡಿ, ಆಟಗಳನ್ನ ಒಂದಾದ್ಮೇಲೊಂದು ಕಾಪಿ ಮಾಡಿ. ಎರಡು ಕಾಪಿ ಒಟ್ಟಿಗೆ ಓಡಿಸಿದ್ರೆ ಎರಡೂ ಹೆಣೆದುಕೊಂಡು ತುಂಡಾಗ್ತಾವೆ. ಫಾರ್ಮ್ಯಾಟ್ ಮಾಡೋವಾಗ ಪಾರ್ಟಿಷನ್ ಬಗೆ ಎಂಬಿಆರ್ ಅಂತಲೇ ಇರ್ಲಿ. ಜಿಪಿಟಿ ಆದ್ರೆ ಒಪಿಎಲ್‌ಗೆ ಡ್ರೈವೇ ಕಾಣದಿರಬಹುದು.

ಫ್ಯಾಟ್32ನಲ್ಲಿ ಒಂದು ಫೈಲ್ 4 ಜಿಬಿ ಮೀರೋ ಹಾಗಿಲ್ಲ. ಗಾಡ್ ಆಫ್ ವಾರ್ 2 ತರದ ಎರಡು ಪದರದ ಡಿವಿಡಿ ಆಟಗಳು ಅದಕ್ಕಿಂತ ತುಂಬಾ ದೊಡ್ಡವು. ಅಂಥವನ್ನ ಯುಎಸ್‌ಬಿ ಯುಟಿಲ್ ಅನ್ನೋ ಪ್ರೋಗ್ರಾಂ 1 ಜಿಬಿ ತುಂಡುಗಳಾಗಿ ಕತ್ತರಿಸಿ, ಯುಎಲ್ ಡಾಟ್ ಸಿಎಫ್‌ಜಿ ಅನ್ನೋ ಪಟ್ಟಿ ಫೈಲಿಗೆ ಸೇರಿಸುತ್ತೆ. ಆ ಪಟ್ಟಿ ಅಳಿಸಿದ್ರೆ ತುಂಡುಗಳಿದ್ರೂ ಆಟ ಕಾಣಲ್ಲ. ಒಪಿಎಲ್ 1.2.0 ಬೀಟಾ ಆವೃತ್ತಿಗಳು ಈ 4 ಜಿಬಿ ಮಿತಿ ಇಲ್ಲದ ಎಕ್ಸ್‌ಫ್ಯಾಟ್ ಫಾರ್ಮ್ಯಾಟ್ ಓದ್ತಾವೆ, ಕತ್ತರಿಸೋ ಗೋಜೇ ಇಲ್ಲ. ಹೊಸದಾಗಿ ಶುರು ಮಾಡೋರು ಇದನ್ನೇ ಹಿಡೀರಿ. ಒಪಿಎಲ್ ಕಾರ್ಡ್‌ನಲ್ಲಿದ್ರೆ ಎಕ್ಸ್‌ಫ್ಯಾಟ್ ಡ್ರೈವ್‌ನಲ್ಲಿ ಆಟ ಮಾತ್ರ ಇದ್ರೆ ಸಾಕು.

ಪೆನ್‌ಡ್ರೈವ್‌ನ ಮೊದಲ ಹಂತದಲ್ಲೇ ಸಿಡಿ, ಡಿವಿಡಿ ಅಂತ ಇಂಗ್ಲಿಷ್ ದೊಡ್ಡಕ್ಷರದಲ್ಲಿ ಎರಡು ಫೋಲ್ಡರ್ ಮಾಡಿ. ಯಾವ ಆಟ ಯಾವುದಕ್ಕೆ ಅಂತ ತಿಳಿಯೋಕೆ ಡಿಸ್ಕ್ ಮಗುಚಿ ನೋಡಿ. ತಳ ನೀಲಿ ಇದ್ರೆ ಸಿಡಿ, ಬೆಳ್ಳಿ ಬಣ್ಣ ಇದ್ರೆ ಡಿವಿಡಿ. ಕಪ್ಪು ತಳದ್ದು ಮೊದಲ ಪ್ಲೇಸ್ಟೇಷನ್ ಆಟ, ಅದು ಒಪಿಎಲ್‌ನಲ್ಲಿ ನೇರವಾಗಿ ಓಡಲ್ಲ, ಅದಕ್ಕೆ ಪಾಪ್‌ಸ್ಟಾರ್ಟರ್ ಅನ್ನೋ ಬೇರೆ ಪ್ರೋಗ್ರಾಂ ಬೇಕು. ಸಿಡಿ ಆಟವನ್ನ ಡಿವಿಡಿ ಫೋಲ್ಡರ್‌ಗೆ ಹಾಕಿದ್ರೆ ಪಟ್ಟೀಲಿ ಬಂದ್ರೂ ಆಟ ಕಪ್ಪು ಪರದೇಲಿ ನಿಲ್ಲಬಹುದು.

ಐಎಸ್‌ಒ ಎಲ್ಲಿಂದ? ನಿಮ್ಮ ಸ್ವಂತ ಡಿಸ್ಕ್‌ನಿಂದ. ಕಂಪ್ಯೂಟರ್‌ನ ಮಾಮೂಲಿ ಡಿವಿಡಿ ಡ್ರೈವ್ ಪಿಎಸ್2 ಡಿಸ್ಕ್ ಓದುತ್ತೆ. ಇಮ್ಗ್‌ಬರ್ನ್ ಅನ್ನೋ ಪ್ರೋಗ್ರಾಂನಲ್ಲಿ ರೀಡ್ ಆಯ್ಕೆ ಒತ್ತಿದ್ರೆ ಡಿವಿಡಿ ಆಟ ಐಎಸ್‌ಒ ಆಗಿ ಬರುತ್ತೆ. ಸಿಡಿ ಆಟ ಬಿನ್ ಅನ್ನೋ ಬಗೆಯ ಫೈಲ್ ಆಗಿ ಬಂದ್ರೆ ಐಎಸ್‌ಒಗೆ ಬದಲಾಯಿಸ್ಬೇಕು. ಗೀರು ಬಿದ್ದಿದ್ರೆ ಓದೋ ವೇಗ ಇಳಿಸಿ. ನಮ್ಮ 1957ರ ಕಾಪಿರೈಟ್ ಕಾಯ್ದೆಯ 52ನೇ ಸೆಕ್ಷನ್, ಕಾನೂನುಬದ್ಧವಾಗಿ ಪ್ರತಿ ಇಟ್ಕೊಂಡಿರೋರಿಗೆ ಅದು ಕಳೆದುಹೋಗದ, ಹಾಳಾಗದ ಹಾಗೆ ಬ್ಯಾಕಪ್ ಮಾಡ್ಕೊಳ್ಳೋಕೆ ಅವಕಾಶ ಕೊಟ್ಟಿದೆ. 2012ರ ತಿದ್ದುಪಡೀಲಿ ಸೇರಿದ 65ಎ ಸೆಕ್ಷನ್, ಹಕ್ಕು ಉಲ್ಲಂಘಿಸೋ ಉದ್ದೇಶದಿಂದ ರಕ್ಷಣೆ ಮುರಿಯೋದನ್ನ ಅಪರಾಧ ಅನ್ನುತ್ತೆ. ಬೇರೆಯವರ ಐಎಸ್‌ಒ ಇಳಿಸ್ಕೊಳ್ಳೋದಕ್ಕೆ ಆ ಬ್ಯಾಕಪ್ ಅವಕಾಶ ಅನ್ವಯಿಸಲ್ಲ.

ಮನೇಲಿ ಕ್ರಿಕೆಟ್ 07 ಡಿಸ್ಕ್ ಇದ್ರೆ ಇವತ್ತೇ ಪ್ರತಿ ತೆಗೆದಿಡಿ. ಹೈದರಾಬಾದ್‌ನಲ್ಲಿ ತಯಾರಾಗಿ 2009ರಲ್ಲಿ ಬಂದ ಹನುಮಾನ್ ಬಾಯ್ ವಾರಿಯರ್, ಹಾಗೇ ಕಬಡ್ಡಿ, ಚಿನ್ನಿದಾಂಡು ಇರೋ ದೇಸಿ ಅಡ್ಡಾ, ಇವು ಯಾರ ಮನೆ ಅಟ್ಟದ ಮೇಲಾದ್ರೂ ಇದ್ರೆ ಅವನ್ನಂತೂ ಬಿಡಲೇಬೇಡಿ. ನಮ್ಮ ದೇಶದಲ್ಲೇ ಪಿಎಸ್2ಗೆ ಅಂತ ಮಾಡಿದ ಆಟಗಳು ಬೆರಳೆಣಿಕೆಯಷ್ಟು.

ಒಪಿಎಲ್ ತೆರೆದು ಸೆಟ್ಟಿಂಗ್ಸ್‌ನಲ್ಲಿ ಯುಎಸ್‌ಬಿ ಸ್ಟಾರ್ಟ್ ಮೋಡನ್ನ (ಹೊಸ ಬೀಟಾಗಳಲ್ಲಿ ಬಿಡಿಎಂ ಸ್ಟಾರ್ಟ್ ಮೋಡ್) ಆಟೋ ಮಾಡಿ, ಸೇವ್ ಚೇಂಜಸ್ ಒತ್ತಿ. ಸೇವ್ ಒತ್ತದಿದ್ರೆ ಮುಂದಿನ ಸಲ ಪಟ್ಟಿ ಖಾಲಿ. ಯಾವುದಾದ್ರೂ ಆಟ ಹಟ ಮಾಡಿದ್ರೆ ಅದರ ಸೆಟ್ಟಿಂಗ್‌ನಲ್ಲಿ ಆರು ಮೋಡ್‌ಗಳಿವೆ. ಎಲ್ಲ ಒಟ್ಟಿಗೆ ಆನ್ ಮಾಡ್ಬೇಡಿ, ಒಂದೊಂದಾಗಿ ಪ್ರಯತ್ನಿಸಿ. ಮೋಡ್ 1 ಓದೋದನ್ನ ಡಿಸ್ಕ್‌ನ ವೇಗಕ್ಕೆ ಹೊಂದಿಸುತ್ತೆ, ಲೋಡಿಂಗ್‌ನಲ್ಲಿ ಸಿಕ್ಕೊಳ್ಳೋ ಆಟಗಳಿಗೆ ಮೊದಲು ಇದು. ಮೋಡ್ 3 ಶುರುವಿನಲ್ಲೇ ಕಪ್ಪಾಗಿ ನಿಲ್ಲೋವಕ್ಕೆ. ಮೋಡ್ 4 ವಿಡಿಯೊಗಳನ್ನ ಹಾರಿಸುತ್ತೆ, ತಡವರಿಕೆ ತಡೆಯೋಕಾಗದಿದ್ರೆ ಬಳಸಿ. ಎರಡು ಪದರದ ಆಟವನ್ನ ಒಂದೇ ಪದರಕ್ಕೆ ಇಳಿಸಿದ ಪ್ರತಿಗೆ ಮೋಡ್ 5. ಆಟದಿಂದ ಹೊರಗೆ ಬರೋಕೆ ಎಲ್1, ಎಲ್2, ಆರ್1, ಆರ್2, ಸ್ಟಾರ್ಟ್, ಸೆಲೆಕ್ಟ್ ಒಟ್ಟಿಗೆ ಒತ್ತಿ. ಅದೇ ತೊಂದರೆ ಕೊಟ್ರೆ ಮೋಡ್ 6 ಅದನ್ನ ನಿಲ್ಲಿಸುತ್ತೆ.

ಇಷ್ಟಾದ್ಮೇಲೂ ವಿಡಿಯೊ ತಡವರಿಸಿದ್ರೆ ಯುಎಸ್‌ಬಿ ಬಿಟ್ಟುಬಿಡಿ. ಸ್ಲಿಮ್‌ನ ಹಿಂದೆ ಲ್ಯಾನ್ ಪೋರ್ಟ್ ಇದೆ, ಕೇಬಲ್ ಹಾಕಿ ಕಂಪ್ಯೂಟರ್‌ನ ಶೇರ್ ಮಾಡಿದ ಫೋಲ್ಡರ್‌ನಿಂದ ಓಡಿಸಿದ್ರೆ ಯುಎಸ್‌ಬಿಗಿಂತ ಎಷ್ಟೋ ವೇಗ. ಆದ್ರೆ ಇದಕ್ಕೆ ಒಪಿಎಲ್ ಬಳಸೋದು ಎಸ್‌ಎಂಬಿ 1 ಅನ್ನೋ ಹಳೇ ಫೈಲ್ ಹಂಚಿಕೆ ವಿಧಾನ. ಸುರಕ್ಷತೆ ಕಾರಣಕ್ಕೆ ಈಗಿನ ವಿಂಡೋಸ್‌ನಲ್ಲಿ ಅದು ಆಫ್ ಇರುತ್ತೆ. ಬ್ಯಾಂಕ್ ಕೆಲಸ ಮಾಡೋ ಕಂಪ್ಯೂಟರ್‌ನಲ್ಲಿ ಆನ್ ಮಾಡ್ಬೇಡಿ, ಬೇರೆ ಹಳೇ ಲ್ಯಾಪ್‌ಟಾಪ್ ಇಡಿ. ದಪ್ಪ ಮಾಡೆಲ್ ಇರೋರಿಗೆ ಎಲ್ಲಕ್ಕಿಂತ ಒಳ್ಳೇದು ನೆಟ್‌ವರ್ಕ್ ಅಡಾಪ್ಟರ್ ಹಾಕಿ, ಒಳಗೆ ಹಾರ್ಡ್‌ಡಿಸ್ಕ್ ಕೂರಿಸೋದು.

ಕೊನೇದಾಗಿ, ಎಲ್ಲ ಓಡ್ತಿರೋ ಈ ಹೊತ್ತಲ್ಲೇ ಎರಡನೇ ಸ್ಲಾಟ್‌ಗೆ ಇನ್ನೊಂದು ಕಾರ್ಡ್ ಹಾಕಿ ಅದಕ್ಕೂ ಫ್ರೀ ಮ್ಯಾಕ್‌ಬೂಟ್ ಇನ್‌ಸ್ಟಾಲ್ ಮಾಡಿ, ಡಬ್ಬೀಲಿ ಹಾಕಿ ಎತ್ತಿಡಿ. ಸೇವ್ ಫೋಲ್ಡರ್‌ಗಳನ್ನ ಯುಲಾಂಚ್‌ಎಲ್ಫ್‌ನಲ್ಲಿ ಪಿಎಸ್‌ಯು ಪೇಸ್ಟ್ ಆಯ್ಕೆಯಿಂದ ಪೆನ್‌ಡ್ರೈವ್‌ಗೆ ಇಳಿಸ್ಕೊಳ್ಳಿ. ಲೆನ್ಸ್ ಸತ್ತಿರೋ ಕನ್ಸೋಲ್‌ನಲ್ಲಿ ಇರೋ ಒಂದೇ ಕಾರ್ಡ್ ಕೂಡ ಕೆಟ್ಟರೆ ಇನ್‌ಸ್ಟಾಲರ್ ಓಡಿಸೋಕೆ ದಾರೀನೇ ಉಳಿಯಲ್ಲ, ಮತ್ತೆ ಇನ್ನೊಬ್ಬರ ಕಾರ್ಡ್ ಹುಡುಕ್ಕೊಂಡು ಹೋಗ್ಬೇಕು.