ಜೋಕ್ ಹೇಳಿದವನು ಆರೋಪಿ, ಅದನ್ನೇ ಹೇಳಿ ತೋರಿಸಿದವರು ಸಾಕ್ಷಿ

[ದೃಶ್ಯ: ಕಪ್ಪು-ಬಿಳುಪು ಫೋಟೋ, ಕೈಯಲ್ಲಿ ಮೈಕ್ ಹಿಡಿದ ಲೆನ್ನಿ ಬ್ರೂಸ್]

1964, ನ್ಯೂಯಾರ್ಕ್. ಲೈಸೆನ್ಸ್ ಇಲಾಖೆಯ ಇನ್‌ಸ್ಪೆಕ್ಟರ್ ಒಬ್ಬರು ಕೋರ್ಟಿನಲ್ಲಿ ಕಾಮಿಡಿ ಶೋ ಒಂದನ್ನು ಹೇಳಿ ತೋರಿಸ್ತಿದ್ದಾರೆ. ಕ್ಲಬ್ಬಿನಲ್ಲಿ ಕೂತು ಬರೆದುಕೊಂಡ ನೋಟ್ಸೇ ಅವರಿಗೆ ಆಧಾರ. ಆ ಶೋ ಮಾಡಿದವನು ಅಲ್ಲೇ ಆರೋಪಿಯಾಗಿ ಕೂತಿದ್ದಾನೆ. ಅವನ ಗೋಳು ಏನು ಗೊತ್ತಾ? ‘ನನ್ನ ಜೋಕನ್ನು ಈತ ಕೆಡಿಸಿ ಹೇಳ್ತಾನೆ, ಶಿಕ್ಷೆ ಮಾತ್ರ ನನಗೆ’ ಅಂತ!

ಆತ ಅಮೆರಿಕದ ಸ್ಟ್ಯಾಂಡಪ್ ಕಾಮಿಡಿಯನ್ ಲೆನ್ನಿ ಬ್ರೂಸ್. ಹುಟ್ಟಿದ್ದು 1925ರಲ್ಲಿ. ಅಮ್ಮ ಸ್ಯಾಲಿ ಮಾರ್ ಕೂಡ ವೇದಿಕೆಯ ಕಲಾವಿದೆ. ಧರ್ಮ, ಸೆಕ್ಸ್, ಬಿಳಿಯರ ಜನಾಂಗ ದ್ವೇಷ, ಇವನ್ನೆಲ್ಲ ಬ್ರೂಸ್ ನೇರವಾಗಿ ವೇದಿಕೆಗೆ ತಂದ. ಒಂದು ಐಟಂನಲ್ಲಿ ಧರ್ಮಗುರುಗಳೆಲ್ಲ ಸೇಲ್ಸ್ ಮೀಟಿಂಗ್‌ಗೆ ಕೂತಂತೆ ಕೂತು, ಈ ವರ್ಷದ ವ್ಯಾಪಾರ ಹೇಗಿದೆ ಅಂತ ಮಾತಾಡ್ತಾರೆ. ಜನ ಬಿದ್ದು ಬಿದ್ದು ನಕ್ಕರು. ಉರಿದುಕೊಂಡವರೂ ಕಮ್ಮಿಯಿಲ್ಲ.

[ದೃಶ್ಯ: ಅಮೆರಿಕದ ನಕ್ಷೆ, ಮೂರು ಊರುಗಳ ಮೇಲೆ ಕೆಂಪು ಚುಕ್ಕಿ]

1961ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಅಶ್ಲೀಲತೆಯ ಕೇಸು ಬಿತ್ತು, ಜ್ಯೂರಿ ಬಿಟ್ಟುಬಿಟ್ಟಿತು. 1962ರಲ್ಲಿ ಚಿಕಾಗೋದಲ್ಲಿ ಮತ್ತೆ ಬಂಧನ. ಆ ರಾತ್ರಿ ಪ್ರೇಕ್ಷಕರಲ್ಲಿದ್ದ ಜಾರ್ಜ್ ಕಾರ್ಲಿನ್ ಪೊಲೀಸರಿಗೆ ಗುರುತಿನ ಚೀಟಿ ತೋರಿಸಲ್ಲ ಅಂದು ತಾನೂ ಒಳಗೆ ಹೋದ. ಮುಂದೆ ದೊಡ್ಡ ಕಾಮಿಡಿಯನ್ ಆಗಿ, 1972ರಲ್ಲಿ ಮಿಲ್ವಾಕಿಯಲ್ಲಿ ಇಂಥದೇ ಮಾತುಗಳಿಗೆ ಅರೆಸ್ಟ್ ಆದವನೂ ಅವನೇ.

ಬ್ರೂಸ್ ಏನು ಸಂತನಲ್ಲ ಬಿಡಿ. ಡ್ರಗ್ಸ್ ಚಟ ಇತ್ತು, ಅದರ ಕೇಸುಗಳೂ ಇದ್ದವು. ಆದರೆ ನ್ಯೂಯಾರ್ಕ್ ಅವನನ್ನು ಹಿಡಿದದ್ದು ಬರೀ ಮಾತಿಗೆ. ಅಲ್ಲಿನ ಗ್ರೀನಿಚ್ ವಿಲೇಜ್ ಬಡಾವಣೆಯ ‘ಕೆಫೆ ಆ ಗೋ ಗೋ’ ಅನ್ನೋ ಕ್ಲಬ್ಬಿನಲ್ಲಿ ಆಡಿದ ಮಾತಿಗೆ. ಗಾಯಕ ಬಾಬ್ ಡಿಲನ್, ಕಾಮಿಡಿಯನ್ ವುಡಿ ಅಲೆನ್, ನಟಿ ಎಲಿಜಬೆತ್ ಟೇಲರ್ ಎಲ್ಲ ಅವನ ಪರ ಮನವಿಗೆ ಸಹಿ ಹಾಕಿದರು. ಉಪಯೋಗವಾಗಲಿಲ್ಲ. ನಾಲ್ಕು ತಿಂಗಳ ಶಿಕ್ಷೆ ಆಯ್ತು. ಅಪೀಲಿನ ಹೆಸರಲ್ಲಿ ಜಾಮೀನಿನ ಮೇಲೆ ಹೊರಗಿದ್ದ.

ನನ್ನ ಪ್ರಕಾರ ಅವನಿಗೆ ನಿಜವಾದ ಪೆಟ್ಟು ಬಿದ್ದದ್ದು ಇದರ ನಂತರ. ಕ್ಲಬ್‌ಗಳು ಕರೆಯೋಕೆ ಹೆದರಿದವು. ಕರೆದ ಕಡೆ ಬ್ರೂಸ್ ಕೋರ್ಟಿನ ದಾಖಲೆ ಹಿಡಿದು ಓದುತ್ತಾ ನಿಲ್ಲುತ್ತಿದ್ದ. ನಗೋಕೆ ಬಂದವರಿಗೆ ಕಾನೂನಿನ ಪಾಠ! ಇನ್‌ಸ್ಪೆಕ್ಟರ್ ಕೆಡಿಸಿದ ಜೋಕನ್ನು ಕೊನೆಕೊನೆಗೆ ಅವನೇ ಕೆಡಿಸತೊಡಗಿದ್ದ.

1966ರ ಆಗಸ್ಟ್ 3ರಂದು, 40ನೇ ವಯಸ್ಸಿನಲ್ಲಿ, ಮಾರ್ಫಿನ್ ಜಾಸ್ತಿಯಾಗಿ ಸತ್ತ.

[ದೃಶ್ಯ: ಪರದೆ ಮೇಲೆ ‘2003’]

ಅವನ ಜೊತೆ ಶಿಕ್ಷೆಯಾಗಿದ್ದ ಕ್ಲಬ್ ಮಾಲೀಕ ಹವರ್ಡ್ ಸಾಲಮನ್ ಅಪೀಲಿನಲ್ಲಿ ಗೆದ್ದ. ಬ್ರೂಸ್ ಮೇಲಿನ ತೀರ್ಪು ಮಾತ್ರ ಹಾಗೇ ಉಳಿಯಿತು. 2003ರ ಡಿಸೆಂಬರ್‌ನಲ್ಲಿ ಗವರ್ನರ್ ಜಾರ್ಜ್ ಪಟಾಕಿ ಕ್ಷಮಾದಾನ ಕೊಟ್ಟರು. ಸತ್ತವರಿಗೆ ನ್ಯೂಯಾರ್ಕ್ ರಾಜ್ಯ ಕೊಟ್ಟ ಮೊದಲ ಕ್ಷಮಾದಾನ ಅದು.